ಮಕ್ಕಳ ಟಿವಿಗೆ ಬರೆಯುವುದು, ನಿರ್ದೇಶಿಸುವುದು: ಮೊದಲ ಕಂತಿನಿಂದ ಡೈರೆಕ್ಟರ್ ಕುರ್ಚಿಯವರೆಗೆ

ಮಕ್ಕಳ ಕಾರ್ಯಕ್ರಮಕ್ಕೆ ಬರೆಯಬೇಕು ಅಂತ ಹೊರಟವರು ಬಹಳ ಜನ ಒಂದೇ ಜಾಗದಲ್ಲಿ ಮುಗ್ಗರಿಸುತ್ತಾರೆ. ತಲೆಯಲ್ಲಿ ದೊಡ್ಡ ಸರಣಿ ಇರುತ್ತದೆ. 20 ಪಾತ್ರ, ಒಂದು ಮಾಯಾಲೋಕ, ಅದರ ನಕ್ಷೆ, ಟೈಟಲ್ ಹಾಡು ಎಲ್ಲ ರೆಡಿ. ಒಂದು ಕಂತಿನ ಸ್ಕ್ರಿಪ್ಟ್ ಕೊಡಿ ಅಂದರೆ ಮಾತ್ರ ಇರುವುದಿಲ್ಲ. ಆದರೆ ಹೊಸಬರಿಗೆ ಮೊದಲು ಸಿಗುವುದು ಬೇರೆಯವರ ಸರಣಿಯ ಒಂದು ಕಂತು. ಹೇಳಿದ ಉದ್ದಕ್ಕೆ, ಹೇಳಿದ ದಿನಕ್ಕೆ ಬರೆದುಕೊಡುತ್ತಾರಾ ಅಂತಲೇ ಅಲ್ಲಿ ನೋಡುವುದು.

ಹಾಗಾಗಿ ಇಲ್ಲಿ ಎಲ್ಲ ಹಂತಗಳೂ ಒಂದೇ ಕಂತಿನ ಸುತ್ತ ಇವೆ. ಕ್ರಮ ತಪ್ಪಿಸಬೇಡಿ. ಸೆಕೆಂಡಿಗೆ 25 ಫ್ರೇಮ್ ಲೆಕ್ಕದಲ್ಲಿ 11 ನಿಮಿಷದ ಅನಿಮೇಷನ್ ಅಂದರೆ 16,500 ಫ್ರೇಮ್. ಕಥೆಯ ತಪ್ಪು ಔಟ್‌ಲೈನ್‌ನಲ್ಲಿ, ಅಂದರೆ ಸ್ಕ್ರಿಪ್ಟ್‌ಗೂ ಮೊದಲು ಮಾಡುವ ದೃಶ್ಯಗಳ ಪಟ್ಟಿಯಲ್ಲಿ, ಸಿಕ್ಕರೆ ಒಂದು ಸಾಲು ಹೊಡೆದುಹಾಕಿದರೆ ಮುಗಿಯಿತು. ಅನಿಮೇಷನ್ ಆದಮೇಲೆ ಸಿಕ್ಕರೆ ಹತ್ತಾರು ಜನರ ವಾರಗಟ್ಟಲೆ ಕೆಲಸ ಮಣ್ಣುಪಾಲು.

## ಕೈಗೆ ಬೇಕಾದ ಸಾಮಾನು

ಸ್ಟಾಪ್‌ವಾಚ್, ಫೋನಿನದೇ ಸಾಕು. ಸ್ಕ್ರಿಪ್ಟ್ ಫಾರ್ಮ್ಯಾಟ್ ಮಾಡಿಕೊಡುವ ಯಾವುದಾದರೂ ಸಾಫ್ಟ್‌ವೇರ್, ಉಚಿತವಾಗಿ ಸಿಗುವುದೂ ನಡೆಯುತ್ತದೆ. ಗೋಡೆಗೆ ಅಂಟಿಸುವ ಚೀಟಿಗಳ ಒಂದು ಕಟ್ಟು. ದನಿ ರೆಕಾರ್ಡ್ ಮಾಡುವ ಆ್ಯಪ್. ನಿರ್ದೇಶನದ ಹಂತಕ್ಕೆ ಬಂದಾಗ ಚಿತ್ರ ಮತ್ತು ದನಿ ಜೋಡಿಸುವ ಸರಳ ಎಡಿಟಿಂಗ್ ಆ್ಯಪ್. ಚಿತ್ರ ಬಿಡಿಸಲು ಬರದಿದ್ದರೂ ಪರವಾಗಿಲ್ಲ, ಕಡ್ಡಿ ಗೊಂಬೆ ಗೀಚಲು ಬಂದರೆ ಸಾಕು. ದುಬಾರಿ ಕ್ಯಾಮೆರಾ, ಟ್ಯಾಬ್ಲೆಟ್ ಈಗಲೇ ಕೊಳ್ಳಬೇಡಿ.

## ಹಂತ 1: ಯಾವ ವಯಸ್ಸು, ಎಷ್ಟು ನಿಮಿಷ

"ಎಲ್ಲ ಮಕ್ಕಳಿಗೂ" ಅಂತ ಬರೆದದ್ದು ಯಾರಿಗೂ ಸರಿಹೊಂದುವುದಿಲ್ಲ. ಚಾನೆಲ್‌ಗಳು ಹೆಚ್ಚುಕಡಿಮೆ ಮೂರು ಗುಂಪು ಮಾಡಿಕೊಂಡಿರುತ್ತವೆ: 2ರಿಂದ 5, 6ರಿಂದ 9, 9ರಿಂದ 12. ಗಡಿ ಒಂದೆರಡು ವರ್ಷ ಆಚೀಚೆ ಆಗಬಹುದು. ನೀವು ಒಂದನ್ನು ಆರಿಸಿಕೊಳ್ಳಿ.

3 ವರ್ಷದ ಮಗುವಿಗೆ ಒಂದೇ ಸಮಸ್ಯೆ ಇರುವ, ನೇರವಾಗಿ ಮುಂದೆ ಹೋಗುವ ಕಥೆ ಬೇಕು. ಫ್ಲ್ಯಾಶ್‌ಬ್ಯಾಕ್ ಹಾಕಿದರೆ ಗೊಂದಲ. ವ್ಯಂಗ್ಯವೂ ತಲುಪುವುದಿಲ್ಲ. "ಭಾರಿ ಚೆನ್ನಾಗಿ ಮಾಡಿದೆ ಬಿಡು" ಅಂತ ಒಂದು ಪಾತ್ರ ಚುಚ್ಚಿದರೆ ಮಗು ಅದನ್ನು ಹೊಗಳಿಕೆ ಅಂತಲೇ ತಗೊಳ್ಳುತ್ತದೆ. 7 ವರ್ಷದವರಿಗೆ ನಿಯಮ ಮುರಿಯುವ ಮಜಾ ಬೇಕು, ಎರಡನೇ ಎಳೆಯನ್ನೂ ಹಿಡಿದುಕೊಳ್ಳುತ್ತಾರೆ. 10 ದಾಟಿದವರಿಗೆ ಗೆಳೆತನ, ಅವಮಾನ, ಗುಂಪಿನಿಂದ ಹೊರಗುಳಿಯುವ ಭಯ ದೊಡ್ಡ ವಿಷಯ. ಇನ್ನೊಂದು ಮಾತು: ಮಕ್ಕಳಿಗೆ ತಮಗಿಂತ ಒಂದೆರಡು ವರ್ಷ ದೊಡ್ಡ ಪಾತ್ರ ಇಷ್ಟ. 8 ವರ್ಷದ ಹುಡುಗನಿಗೆ 5 ವರ್ಷದ ನಾಯಕನನ್ನು ಕೊಟ್ಟರೆ "ಇದು ಪುಟಾಣಿಗಳದ್ದು" ಅಂತ ಚಾನೆಲ್ ಬದಲಿಸುತ್ತಾನೆ.

ಉದ್ದಕ್ಕೆ ಬಂದರೆ 5, 7, 11, 22 ನಿಮಿಷಗಳು ಸಾಮಾನ್ಯ. ಅರ್ಧ ಗಂಟೆಯ ಸ್ಲಾಟ್‌ನಲ್ಲಿ 11 ನಿಮಿಷದ ಎರಡು ಕಥೆ ಹಾಕಿ, ಉಳಿದ ಸಮಯವನ್ನು ಜಾಹೀರಾತು, ಟೈಟಲ್‌ಗಳಿಗೆ ಬಿಡುವುದು ಹಳೆಯ ರೂಢಿ. ಕೆಲಸ ಕೇಳುವಾಗ ತೋರಿಸುವ ಸ್ಯಾಂಪಲ್ ಸ್ಕ್ರಿಪ್ಟ್‌ಗೆ 11 ನಿಮಿಷವೇ ಒಳ್ಳೆಯದು. ಕಥೆ ಕಟ್ಟಲು ಬರುತ್ತದೋ ಇಲ್ಲವೋ ಅಂತ ಓದುವವರಿಗೆ ಅಷ್ಟರಲ್ಲಿ ತಿಳಿದುಬಿಡುತ್ತದೆ.

## ಹಂತ 2: ಪ್ರಸಾರವಾಗುತ್ತಿರುವ ಸರಣಿಯನ್ನು ಬಿಚ್ಚಿ ನೋಡಿ

ನಿಮ್ಮ ವಯೋಗುಂಪಿನ ಒಂದು ಸರಣಿ ಆರಿಸಿ, ಅದರ ಮೂರು ಕಂತು ನೋಡಿ. ಮೊದಲ ಸಲ ಸುಮ್ನೆ ನೋಡಿ. ಎರಡನೇ ಸಲ ಸ್ಟಾಪ್‌ವಾಚ್ ಹಿಡಿದು ಕೂತು ಬರೆದುಕೊಳ್ಳಿ: ಸಮಸ್ಯೆ ಎಷ್ಟನೇ ಸೆಕೆಂಡಿಗೆ ಬಂತು? ಒಟ್ಟು ದೃಶ್ಯ ಎಷ್ಟು? ಜಾಗ ಎಷ್ಟು? ಮಾತಾಡುವ ಪಾತ್ರ ಎಷ್ಟು? ಕೊನೆಗೆ ಸಮಸ್ಯೆ ಬಿಡಿಸಿದ್ದು ಯಾರು?

ಈ ಹಂತ ಹಾರಿಸಿದವರ ಸ್ಕ್ರಿಪ್ಟ್ ನೋಡಿದ ಕೂಡಲೇ ಗೊತ್ತಾಗುತ್ತದೆ. ಮೊದಲ ಮೂರು ಪುಟ ಪಾತ್ರ ಪರಿಚಯ, ಬೆಳಗಾಯಿತು, ಹಕ್ಕಿ ಹಾಡಿತು. ಅಷ್ಟರಲ್ಲಿ ಟಿವಿಯ ಕಂತಿನಲ್ಲಿ ನಾಯಕಿ ಎರಡು ಸಲ ಸಿಕ್ಕಿಹಾಕಿಕೊಂಡು ಆಗಿರುತ್ತದೆ.

## ಹಂತ 3: ಪ್ರಿಮೈಸ್

ಪ್ರಿಮೈಸ್ ಅಂದರೆ ಕಥೆಯನ್ನು ಒಂದು ಪ್ಯಾರಾದಲ್ಲಿ ಹೇಳುವುದು, ಜಾಸ್ತಿ ಅಂದರೆ ಒಂದು ಪುಟ. ಕೊನೆಯೂ ಅದರಲ್ಲಿ ಇರಬೇಕು. "ಮುಂದೇನಾಯಿತು ಅಂತ ಸ್ಕ್ರಿಪ್ಟ್‌ನಲ್ಲಿ ನೋಡಿ" ಅಂತ ಕುತೂಹಲ ಉಳಿಸುವುದು ಪ್ರೇಕ್ಷಕರಿಗೆ ಸರಿ, ಸರಣಿಯ ಕಥೆಗಳನ್ನು ಆರಿಸಿ ತಿದ್ದಿಸುವ ಸ್ಟೋರಿ ಎಡಿಟರ್‌ಗೆ ಅಲ್ಲ.

ಹೆಚ್ಚಿನವರು ಬರೆಯುವ ಪ್ರಿಮೈಸ್ ಹೀಗಿರುತ್ತದೆ: "ಮಿಮಿ ಎಂಬ ಮೊಲದ ಮರಿ ಸತ್ಯ ಹೇಳುವುದರ ಮಹತ್ವ ಕಲಿಯುತ್ತಾಳೆ." ಇದು ಪಾಠ, ಕಥೆಯಲ್ಲ. ಇದನ್ನು ಓದಿದರೆ ಒಂದು ದೃಶ್ಯವೂ ಕಣ್ಣಿಗೆ ಬರುವುದಿಲ್ಲ.

ಅದನ್ನೇ ಹೀಗೆ ಬರೆಯಬಹುದು: "ಖುಷಿಯಾದಾಗ ಕಾಲು ಬಡಿಯುವುದು ಮಿಮಿಯ ಅಭ್ಯಾಸ, ಎಲ್ಲರಿಗೂ ಅದರ ಕಿರಿಕಿರಿ. ಗೆಳೆಯ ಡುಬ್ಬುವಿನ ಡೋಲನ್ನು ಅವಳು ಕೇಳದೆ ಬಾರಿಸಿ ಹರಿದುಬಿಡುತ್ತಾಳೆ. ಸಂಜೆಯ ಮೆರವಣಿಗೆಗೆ ಅವನಿಗೆ ಅದೇ ಡೋಲು ಬೇಕು. ಹರಿದದ್ದು ಕಾಣದಿರಲಿ ಅಂತ ಮೇಲೆ ಎಲೆ ಅಂಟಿಸುತ್ತಾಳೆ. ಎಲೆ ಚೆನ್ನಾಗಿದೆ, ನಮಗೂ ಅಂಟಿಸು ಅಂತ ಉಳಿದವರೂ ಡೋಲು ಹಿಡಿದು ಸಾಲು ನಿಲ್ಲುತ್ತಾರೆ. ಎಲೆ ಅಂಟಿಸಿದ ಒಂದು ಡೋಲೂ ಸದ್ದು ಮಾಡುವುದಿಲ್ಲ. ಮೆರವಣಿಗೆ ಹೊರಡುವ ಹೊತ್ತಿಗೆ ಮಿಮಿ ಎಲ್ಲರೆದುರು ನಿಜ ಹೇಳಿ, ಕಾಲಿನಿಂದಲೇ ತಾಳ ಶುರುಮಾಡುತ್ತಾಳೆ."

ಸತ್ಯ ಎನ್ನುವ ವಿಷಯ ಹಾಗೇ ಇದೆ. ಆದರೆ ಈಗ ಮಿಮಿಗೆ ಏನೋ ಬೇಕು, ಅವಸರ ಇದೆ, ಅವಳ ಉಪಾಯವೇ ಅವಳಿಗೆ ತಿರುಗಿಬೀಳುತ್ತದೆ. ಕೊನೆಯಲ್ಲಿ ಉಪಯೋಗಕ್ಕೆ ಬರುವ ಕಾಲು ಬಡಿತ ಮೊದಲ ಸಾಲಿನಲ್ಲೇ ಬಂದಿದೆ.

ಎಚ್ಚರಿಕೆಯ ಗುರುತು: ಸಮಸ್ಯೆಯನ್ನು ಅಜ್ಜ, ಟೀಚರ್, ಮಾಯಾದಂಡ ಅಥವಾ ಅದೃಷ್ಟ ಬಿಡಿಸಿದರೆ ಪ್ರಿಮೈಸ್ ಅಲ್ಲಿಗೇ ಬಿತ್ತು. ವಾಪಸ್ ಬರುವ ಕಥೆಗಳಲ್ಲಿ ನಾನು ಅತಿ ಹೆಚ್ಚು ನೋಡುವ ದೋಷ ಇದೇ. ದೊಡ್ಡವರು ಕಥೆಯಲ್ಲಿ ಇರಲಿ, ಒಂದು ಸುಳಿವನ್ನೂ ಕೊಡಲಿ. ಕೊನೆಯ ಹೆಜ್ಜೆ ಮಾತ್ರ ಮಗುವಿನದೇ ಆಗಬೇಕು.

ಒಂದೇ ಪ್ರಿಮೈಸ್ ಬರೆದು ಅದನ್ನೇ ಮುದ್ದಿಸುತ್ತಾ ಕೂರಬೇಡಿ. ಹತ್ತು ಬರೆಯಿರಿ. ಸರಣಿಗಳಲ್ಲಿ ಕೆಲಸ ನಡೆಯುವುದೇ ಹಾಗೆ, ಹತ್ತು ಕೊಟ್ಟರೆ ಒಂದೆರಡು ಆಯ್ಕೆಯಾದರೂ ಸಂತೋಷ.

## ಹಂತ 4: ಔಟ್‌ಲೈನ್

ಇಲ್ಲಿ ಸಂಭಾಷಣೆ ಬರೆಯುವಂತಿಲ್ಲ. ಒಂದು ದೃಶ್ಯಕ್ಕೆ ಒಂದು ಚೀಟಿ, ಗೋಡೆಗೆ ಅಂಟಿಸಿ. ಚೀಟಿಯಲ್ಲಿ ಎರಡೇ ಸಾಲು: ಪಾತ್ರ ಏನು ಮಾಡಲು ಹೋಯಿತು, ಏನಾಯಿತು.

11 ನಿಮಿಷದ ಕಂತಿಗೆ ನಾನು ಇಟ್ಟುಕೊಳ್ಳುವ ಅಂದಾಜು ಲೆಕ್ಕ ಇದು. ಮೊದಲ ನಿಮಿಷದೊಳಗೆ ಪಾತ್ರಕ್ಕೆ ಏನು ಬೇಕು ಅಂತ ಗೊತ್ತಾಗಬೇಕು. ಎರಡನೇ ನಿಮಿಷದೊಳಗೆ ಕಷ್ಟ ಎದುರಾಗಬೇಕು. ಅಲ್ಲಿಂದ ಎಂಟನೇ ನಿಮಿಷದವರೆಗೆ ಪ್ರಯತ್ನಗಳು, ಸಾಮಾನ್ಯವಾಗಿ ಮೂರು. ಎಂಟರ ಹೊತ್ತಿಗೆ ಎಲ್ಲ ಕೆಟ್ಟುಹೋಗಿರಬೇಕು. ಹತ್ತರೊಳಗೆ ಪರಿಹಾರ. ಉಳಿದದ್ದು ನಗು.

ಮೂರು ಪ್ರಯತ್ನ ಅಂದರೆ ಒಂದೇ ಪ್ರಯತ್ನವನ್ನು ಮೂರು ಸಲ ಮಾಡಿಸುವುದಲ್ಲ. ಮಿಮಿ ಮೊದಲು ಎಲೆ ಅಂಟಿಸುತ್ತಾಳೆ, ಆಮೇಲೆ ಹೂ, ಆಮೇಲೆ ಬಟ್ಟೆ ಅಂದರೆ ಕಥೆ ನಿಂತಲ್ಲೇ ನಿಂತಿದೆ. ಎಲೆ ಅಂಟಿಸಿದ್ದಕ್ಕೇ ಸಾಲು ಹುಟ್ಟಿತು, ಸಾಲು ಬೆಳೆದದ್ದಕ್ಕೇ ಎಲ್ಲ ಡೋಲೂ ಮೂಕವಾದವು ಅಂದಾಗ ಅದು ಮುಂದೆ ಹೋಗುತ್ತದೆ. ಎರಡು ಚೀಟಿಗಳ ನಡುವೆ "ಆದ್ದರಿಂದ" ಅಥವಾ "ಆದರೆ" ಕೂರಬೇಕು. "ಆಮೇಲೆ" ಮಾತ್ರ ಕೂರುತ್ತದೆ ಅಂದರೆ ಎರಡನೇ ಚೀಟಿ ಕಿತ್ತು ನೋಡಿ. ಕಥೆಗೆ ಏನೂ ಆಗದಿದ್ದರೆ ಅದು ಬೇಕಿರಲಿಲ್ಲ.

ಖರ್ಚಿನ ಲೆಕ್ಕವೂ ಈ ಹಂತದಲ್ಲೇ ಆಗಬೇಕು. "ಊರಿನವರೆಲ್ಲ ಓಡಿ ಬಂದರು" ಅಂತ ಬರೆಯಲು ಎರಡು ಸೆಕೆಂಡು. ಅನಿಮೇಷನ್‌ನಲ್ಲಿ ಆ ಪ್ರತಿಯೊಬ್ಬನನ್ನೂ ವಿನ್ಯಾಸ ಮಾಡಬೇಕು, ಓಡಿಸಬೇಕು. ಹೊಸ ಜಾಗ, ಹೊಸ ಬಟ್ಟೆ, ನೀರು, ಮಳೆ, ಜನಜಂಗುಳಿ ಇವೆಲ್ಲ ದುಬಾರಿ. ಮಿಮಿಯ ಮನೆ ಮುಂದಿನ ಸಾಲಿಗೆ ಮೂರು ಪಾತ್ರ ಸಾಕು. ಉಳಿದ ಸಾಲು ಬಾಗಿಲಾಚೆ ಇದೆ, ನಮಗೆ ಅವರ ಗದ್ದಲ ಮಾತ್ರ ಕೇಳುತ್ತದೆ. ಜೋಕ್‌ಗೆ ಅದೇ ಮೇಲು, ಅಲ್ವಾ?

ಗೊಂಬೆ ಕಾರ್ಯಕ್ರಮವಾದರೆ ಲೆಕ್ಕ ಬೇರೆ. ಗೊಂಬೆಯ ಕಾಲು ಸಾಮಾನ್ಯವಾಗಿ ಫ್ರೇಮಿನಲ್ಲಿ ಇರುವುದಿಲ್ಲ, ಕೆಳಗೆ ಆಡಿಸುವವರು ಇರುತ್ತಾರೆ. ಕಾಲು ಬಡಿಯುವ ಮಿಮಿಯ ಕಥೆ ಅಲ್ಲಿ ನಡೆಯುವುದೇ ಇಲ್ಲ. ಗೊಂಬೆಯ ಕೈಯಿಂದ ಚಿಕ್ಕ ವಸ್ತು ಎತ್ತಿಸುವುದೂ ಕಷ್ಟ. ಯಾವ ಮಾಧ್ಯಮಕ್ಕೆ ಬರೆಯುತ್ತಿದ್ದೀರಿ ಅಂತ ಕೇಳಿಕೊಂಡೇ ಚೀಟಿ ಅಂಟಿಸಿ.

## ಹಂತ 5: ಸ್ಕ್ರಿಪ್ಟ್

ನಟರಿರುವ ಕಾರ್ಯಕ್ರಮಕ್ಕೆ ಒಂದು ಪುಟ ಸುಮಾರು ಒಂದು ನಿಮಿಷ. ಅನಿಮೇಷನ್ ಸ್ಕ್ರಿಪ್ಟ್‌ನಲ್ಲಿ ಚಲನೆಯನ್ನೂ ವಿವರಿಸುವುದರಿಂದ 11 ನಿಮಿಷಕ್ಕೆ 15 ಪುಟ ದಾಟುವುದು ಸಹಜ. ಪುಟ ಎಣಿಸಿ ಸುಮ್ಮನಾಗಬೇಡಿ. ಚಲನೆಯನ್ನೂ ಅಭಿನಯಿಸುತ್ತಾ ಗಟ್ಟಿಯಾಗಿ ಓದಿ ಸಮಯ ನೋಡಿ.

ಹೊಸಬರ ಮೊದಲ ಡ್ರಾಫ್ಟ್‌ನಲ್ಲಿ ಪಾತ್ರಗಳು ತಮ್ಮ ಮನಸ್ಸನ್ನು ತಾವೇ ವಿವರಿಸಿಕೊಳ್ಳುತ್ತವೆ:

ಮಿಮಿ: ಅಯ್ಯೋ, ನನಗೆ ತುಂಬಾ ಭಯವಾಗುತ್ತಿದೆ! ಡೋಲು ಹರಿದ ವಿಷಯ ಡುಬ್ಬುವಿಗೆ ಗೊತ್ತಾದರೆ ಅವನು ನನ್ನ ಗೆಳೆತನವನ್ನೇ ಬಿಟ್ಟುಬಿಡುತ್ತಾನೆ!

ಅದೇ ಭಯ ಹೀಗೂ ಬರಬಹುದು:

ಡುಬ್ಬು (ಹೊರಗಿನಿಂದ): ಮಿಮೀ, ನನ್ನ ಡೋಲು ನೋಡಿದ್ಯಾ?
ಮಿಮಿ ಡೋಲಿನ ಮೇಲೆ ಕೂತುಬಿಡುತ್ತಾಳೆ. ಕಿವಿ ಎರಡೂ ನೆಟ್ಟಗೆ.
ಮಿಮಿ: ಯಾವ ಡೋಲು?
ಅವಳ ಕೆಳಗೆ ಡೋಲು "ಪರ್‍ರ್" ಅಂತ ಇನ್ನಷ್ಟು ಹರಿಯುತ್ತದೆ.

ಮಾತು ಅರಿಯದ ಮಗುವೂ ಇದಕ್ಕೆ ನಗುತ್ತದೆ. ಡ್ರಾಫ್ಟ್ ಮುಗಿದ ಮೇಲೆ ಸಂಭಾಷಣೆ ಮುಚ್ಚಿ ಚಲನೆಯ ಸಾಲುಗಳನ್ನಷ್ಟೇ ಓದಿ. ಕಥೆ ಮುಕ್ಕಾಲು ಪಾಲು ಅರ್ಥವಾಗಬೇಕು. ಆಗದಿದ್ದರೆ ನೀವು ಬರೆದಿರುವುದು ರೇಡಿಯೋ ನಾಟಕ.

ಪುಟಾಣಿಗಳ ಕಾರ್ಯಕ್ರಮದಲ್ಲಿ ಪಾತ್ರ ತೆರೆಯಾಚೆಯ ಮಗುವಿಗೆ ಪ್ರಶ್ನೆ ಕೇಳುವುದುಂಟು. ಕೇಳಿದ ಮೇಲೆ ಕಾಯಬೇಕು. ಆ ಮೌನವನ್ನು ಸ್ಕ್ರಿಪ್ಟ್‌ನಲ್ಲೇ ಬರೆಯಿರಿ, ಇಲ್ಲದಿದ್ದರೆ ಎಡಿಟಿಂಗ್‌ನಲ್ಲಿ ಮೊದಲು ಕತ್ತರಿ ಬೀಳುವುದು ಅದಕ್ಕೇ.

ಎಚ್ಚರಿಕೆ: ಮಕ್ಕಳು ನೋಡಿದ್ದನ್ನು ಮಾಡಿನೋಡುತ್ತಾರೆ. ತಲೆಗೆ ಪ್ಲಾಸ್ಟಿಕ್ ಚೀಲ ಹಾಕಿಕೊಳ್ಳುವುದು, ಫ್ರಿಜ್ ಅಥವಾ ವಾಷಿಂಗ್ ಮಷೀನ್ ಒಳಗೆ ಅಡಗುವುದು, ಕುತ್ತಿಗೆಗೆ ಹಗ್ಗ, ಬೆಂಕಿಕಡ್ಡಿ, ಮಾತ್ರೆ ನುಂಗುವುದು, ಹೆಲ್ಮೆಟ್ ಇಲ್ಲದ ಸೈಕಲ್ ಸವಾರಿ, ದೊಡ್ಡವರಿಲ್ಲದೆ ನೀರಿಗಿಳಿಯುವುದು. ಜೋಕ್ ಎಷ್ಟೇ ಚೆನ್ನಾಗಿದ್ದರೂ ಚಾನೆಲ್‌ನವರು ಇವನ್ನು ತೆಗೆಸುತ್ತಾರೆ. ಆಕಾಶದಿಂದ ಬಿದ್ದು ಚಪ್ಪಟೆಯಾಗುವ ಬೆಕ್ಕಿಗಿಂತ ಅಡುಗೆಮನೆಯ ಸ್ಟೂಲ್ ಹತ್ತಿ ಚಾಕು ತೆಗೆಯುವ ಬೆಕ್ಕು ಹೆಚ್ಚು ಅಪಾಯ, ಯಾಕೆಂದರೆ ಸ್ಟೂಲು, ಚಾಕು ಎರಡೂ ನೋಡುವ ಮಗುವಿನ ಮನೆಯಲ್ಲಿವೆ.

## ಹಂತ 6: ಮಕ್ಕಳ ಮುಂದೆ ಓದಿ

ನಿಮ್ಮದೇ ಮಕ್ಕಳ ಮುಂದೆ ಓದಿದರೆ ಪರೀಕ್ಷೆ ಆಗುವುದಿಲ್ಲ, ಅವರು ನಿಮ್ಮನ್ನು ನೋಡಿ ನಗುತ್ತಾರೆ. ನಿಮ್ಮ ಪರಿಚಯ ಹೆಚ್ಚಿಲ್ಲದ ನಾಲ್ಕೈದು ಮಕ್ಕಳು ಸಿಗಲಿ, ಅವರ ತಂದೆತಾಯಿಯ ಒಪ್ಪಿಗೆಯೂ ಇರಲಿ. ಓದುವುದು ಇನ್ನೊಬ್ಬರು. ನೀವು ಪಕ್ಕದಲ್ಲಿ ಸ್ಕ್ರಿಪ್ಟ್ ಹಿಡಿದು, ಮಕ್ಕಳ ಕಣ್ಣು ಬೇರೆಡೆ ಹೋದ ಸಾಲಿಗೆ ಗುರುತು ಹಾಕುತ್ತಾ ಹೋಗಿ.

ಈ ಕೆಲಸವನ್ನು ಶಿಸ್ತಾಗಿ ಮಾಡಿ ತೋರಿಸಿದ್ದು ಅಮೆರಿಕದ ಸೆಸಮಿ ಸ್ಟ್ರೀಟ್ ತಂಡ. 1969ರಲ್ಲಿ ಶುರುವಾದ ಆ ಕಾರ್ಯಕ್ರಮಕ್ಕೆ ಸಂಶೋಧಕ ಎಡ್ವರ್ಡ್ ಪಾಮರ್ ಒಂದು ಉಪಾಯ ಮಾಡಿದರು. ಟಿವಿಯ ಪಕ್ಕದಲ್ಲೇ ಸ್ಲೈಡ್ ಪ್ರೊಜೆಕ್ಟರ್ ಇಟ್ಟು 7.5 ಸೆಕೆಂಡಿಗೊಂದು ಚಿತ್ರ ಬದಲಾಗುವಂತೆ ಮಾಡಿ, ಮಗುವಿನ ಕಣ್ಣು ಯಾವಾಗ ಟಿವಿ ಬಿಟ್ಟು ಸ್ಲೈಡಿನ ಕಡೆ ಹೋಗುತ್ತದೆ ಅಂತ ಬರೆದುಕೊಳ್ಳುತ್ತಿದ್ದರು. ನಿಮಗೆ ಪ್ರೊಜೆಕ್ಟರ್ ಬೇಡ. ಕೋಣೆಯಲ್ಲಿ ಒಂದೆರಡು ಆಟಿಕೆ ಬಿಟ್ಟಿರಿ, ಅಷ್ಟೇ.

ಓದಿ ಮುಗಿದ ಮೇಲೆ "ಇಷ್ಟವಾಯ್ತಾ?" ಅಂತ ಕೇಳಬೇಡಿ, ಎಲ್ಲರೂ ಹೂಂ ಅನ್ನುತ್ತಾರೆ. "ಏನಾಯ್ತು, ಹೇಳು ನೋಡೋಣ" ಅನ್ನಿ. ಮಗು ತಿರುಗಿ ಹೇಳುವಾಗ ಬಿಟ್ಟುಹೋದ ದೃಶ್ಯ ಯಾವುದೋ, ತಿದ್ದಬೇಕಾದದ್ದು ಅದು.

## ಹಂತ 7: ಕೆಲಸ ಕೇಳುವುದು, ನೋಟ್ಸ್ ತಗೊಳ್ಳುವುದು

ಕಳಿಸಬೇಕಾದದ್ದು ಕಡಿಮೆ: ತಿದ್ದಿ ಮುಗಿಸಿದ ಒಂದು 11 ನಿಮಿಷದ ಸ್ಕ್ರಿಪ್ಟ್, ಬೇರೆ ವಯೋಗುಂಪಿನದ್ದು ಇನ್ನೊಂದು, ಅರ್ಧ ಪುಟದ ಪರಿಚಯ. ಸ್ಟುಡಿಯೋ ಕೇಳದೆ ಸ್ಕ್ರಿಪ್ಟ್ ಕಳಿಸಬೇಡಿ. ಕಾನೂನಿನ ಕಾರಣಕ್ಕೆ ಹಲವು ಕಡೆ ಅದನ್ನು ತೆರೆಯುವುದೇ ಇಲ್ಲ. ಮೊದಲು ಎರಡು ಸಾಲಿನ ಮೇಲ್ ಬರೆದು ಕೇಳಿ. ಸ್ಕ್ರಿಪ್ಟ್ ಕೋಆರ್ಡಿನೇಟರ್, ಪ್ರೊಡಕ್ಷನ್ ಅಸಿಸ್ಟೆಂಟ್ ಕೆಲಸ ಸಿಕ್ಕರೆ ಚಿಕ್ಕದು ಅಂತ ಬಿಡಬೇಡಿ. ಡ್ರಾಫ್ಟ್ ಹೇಗೆ ಬದಲಾಗುತ್ತದೆ ಅಂತ ಪ್ರತಿದಿನ ಕಾಣುವುದು ಅಲ್ಲೇ.

ಕಂತು ಸಿಕ್ಕ ಮೇಲೆ ಪ್ರಿಮೈಸ್, ಔಟ್‌ಲೈನ್, ಪ್ರತಿ ಡ್ರಾಫ್ಟ್, ಎಲ್ಲದಕ್ಕೂ ನೋಟ್ಸ್, ಅಂದರೆ ತಿದ್ದಲು ಸೂಚನೆ, ಬರುತ್ತದೆ. ಸ್ಟೋರಿ ಎಡಿಟರ್, ಚಾನೆಲ್, ಕೆಲವೊಮ್ಮೆ ಶಿಕ್ಷಣ ಸಲಹೆಗಾರರಿಂದಲೂ. ಬಂದ ದಿನವೇ ವಾದ ಮಾಡಬೇಡಿ. "ಇಲ್ಲಿ ಒಂದು ಜೋಕ್ ಹಾಕಿ" ಅಂತ ಬಂದರೆ ಆ ಜಾಗದಲ್ಲಿ ಅವರಿಗೆ ಬೇಜಾರಾಗಿದೆ ಅಂತ ಅರ್ಥ. ಜೋಕ್ ಸೇರಿಸುವ ಬದಲು ದೃಶ್ಯವನ್ನೇ ಚಿಕ್ಕದು ಮಾಡಿದರೂ ನೋಟ್ ಬಗೆಹರಿಯಬಹುದು. ಇಬ್ಬರ ನೋಟ್ಸ್ ಒಂದಕ್ಕೊಂದು ವಿರುದ್ಧವಾಗಿದ್ದರೆ ನೀವೇ ತೀರ್ಮಾನಿಸಬೇಡಿ, ಸ್ಟೋರಿ ಎಡಿಟರನ್ನು ಕೇಳಿ.

ಒಪ್ಪಂದದಲ್ಲಿ ಮೂರು ವಿಷಯ ಹುಡುಕಿ: ಎಷ್ಟು ಡ್ರಾಫ್ಟ್‌ಗೆ ಈ ಹಣ, ಪ್ರತಿ ಹಂತದಲ್ಲಿ ಎಷ್ಟು ಪಾವತಿ, ತೆರೆಯಲ್ಲಿ ಹೆಸರು ಹೇಗೆ ಬರುತ್ತದೆ. ಡ್ರಾಫ್ಟ್‌ಗೆ ಮಿತಿ ಬರೆದಿಲ್ಲ ಅಂದರೆ ತಿದ್ದುವುದಕ್ಕೂ ಕೊನೆ ಇರುವುದಿಲ್ಲ.

## ಹಂತ 8: ನಿರ್ದೇಶನಕ್ಕೆ ಅನಿಮ್ಯಾಟಿಕ್ ಮೂಲಕ ಹೋಗಿ

ಬರೆಯುವವರು ನೇರವಾಗಿ ಡೈರೆಕ್ಟರ್ ಆಗುವುದು ಕಡಿಮೆ. ಅನಿಮೇಷನ್‌ನಲ್ಲಿ ಆ ಕುರ್ಚಿಗೆ ಹೆಚ್ಚಾಗಿ ಸ್ಟೋರಿಬೋರ್ಡ್ ವಿಭಾಗದಿಂದ, ಅಂದರೆ ಸ್ಕ್ರಿಪ್ಟನ್ನು ಶಾಟ್ ಶಾಟ್ ಆಗಿ ಚಿತ್ರದಲ್ಲಿ ಬಿಡಿಸುವ ಕಡೆಯಿಂದ, ಬರುತ್ತಾರೆ. ಆದ್ದರಿಂದ ನಿಮ್ಮ ಸ್ಕ್ರಿಪ್ಟ್‌ನ ಎರಡು ನಿಮಿಷವನ್ನು ನೀವೇ ಬೋರ್ಡ್ ಮಾಡಿ. ಕಡ್ಡಿ ಗೊಂಬೆಗಳೇ ಇರಲಿ. ನಿಮ್ಮದೇ ದನಿಯಲ್ಲಿ ಸಂಭಾಷಣೆ ರೆಕಾರ್ಡ್ ಮಾಡಿ, ಪ್ರತಿ ಚಿತ್ರ ಎಷ್ಟು ಹೊತ್ತು ನಿಲ್ಲಬೇಕೋ ಅಷ್ಟು ನಿಲ್ಲಿಸಿ ಜೋಡಿಸಿ. ಇದೇ ಅನಿಮ್ಯಾಟಿಕ್.

ಇದರಲ್ಲಿ ನಗು ಬರದಿದ್ದರೆ ಬಣ್ಣ ಹಚ್ಚಿದ ಮೇಲೂ ಬರುವುದಿಲ್ಲ. ಡೋಲು ಹರಿಯುವ ಸದ್ದಿಗೆ ಮೊದಲು ಮಿಮಿಯ ಮುಖ 12 ಫ್ರೇಮ್ ಇರಬೇಕೋ 30 ಫ್ರೇಮ್ ಇರಬೇಕೋ ಎನ್ನುವುದು ಇಲ್ಲಿ ತೀರ್ಮಾನವಾಗುತ್ತದೆ. ಎರಡನ್ನೂ ಮಾಡಿ ನೋಡಿ, ವ್ಯತ್ಯಾಸ ಕಣ್ಣಿಗೆ ಹೊಡೆಯುತ್ತದೆ. ಕಂತು 11 ನಿಮಿಷಕ್ಕಿಂತ ಉದ್ದವಾದರೆ ಕತ್ತರಿಸುವುದೂ ಇಲ್ಲೇ.

ಶಾಟ್‌ಗಳಲ್ಲಿ ಸಾಮಾನ್ಯ ತಪ್ಪು, ಕ್ಯಾಮೆರಾ ದೊಡ್ಡವರ ಎತ್ತರದಲ್ಲಿ ಇರುವುದು. ಮಗುವಿನ ಕಣ್ಣಿನ ಮಟ್ಟಕ್ಕೆ ಇಳಿಸಿ. ಪುಟಾಣಿಗಳಿಗೆ ಜಾಗ ಎಲ್ಲಿ, ಯಾರು ಎಲ್ಲಿ ನಿಂತಿದ್ದಾರೆ ಅಂತ ದೂರದ ಶಾಟ್‌ನಲ್ಲಿ ತೋರಿಸಿ, ಆಮೇಲಷ್ಟೇ ಹತ್ತಿರ ಹೋಗಿ.

## ಹಂತ 9: ದನಿ ಮತ್ತು ಮಕ್ಕಳ ನಟನೆ

ಅನಿಮೇಷನ್‌ನಲ್ಲಿ ಸಾಮಾನ್ಯವಾಗಿ ದನಿ ಮೊದಲು, ಚಲನೆ ಆಮೇಲೆ. ರೆಕಾರ್ಡಿಂಗ್‌ನಲ್ಲಿ ಪ್ರತಿ ಸಾಲಿಗೂ ಎರಡು ಮೂರು ಬಗೆ ತಗೊಳ್ಳಿ. ಸಾಲನ್ನು ನೀವೇ ಹೇಳಿ ತೋರಿಸಿ "ಹೀಗೆ ಹೇಳು" ಅನ್ನಬೇಡಿ. "ಡುಬ್ಬು ಬಾಗಿಲಲ್ಲೇ ಇದ್ದಾನೆ, ಅವನಿಗೆ ಕೇಳಿಸಬಾರದು" ಅನ್ನಿ, ದನಿ ತಾನೇ ಬದಲಾಗುತ್ತದೆ. ಹಾರಿದಾಗ, ಬಿದ್ದಾಗ, ಏದುಸಿರು ಬಿಟ್ಟಾಗ ಬರುವ ಸದ್ದುಗಳ ಪಟ್ಟಿ ಮಾಡಿಕೊಂಡು ಹೋಗಿ. ಎಲ್ಲರೂ ಮರೆಯುವುದು ಅದನ್ನೇ. ಕಿರುಚುವ ಸಾಲುಗಳನ್ನು ಕೊನೆಗಿಡಿ, ಗಂಟಲು ಹೋದರೆ ಉಳಿದ ರೆಕಾರ್ಡಿಂಗ್ ಹೋಯಿತು.

ಮಕ್ಕಳೇ ನಟಿಸುವ ಚಿತ್ರೀಕರಣವಾದರೆ ಅವರ ಕೆಲಸದ ಗಂಟೆ, ವಿಶ್ರಾಂತಿ, ಜೊತೆಗಿರಬೇಕಾದ ದೊಡ್ಡವರು, ಪಾಠದ ಸಮಯ ಇವಕ್ಕೆ ಆಯಾ ದೇಶದಲ್ಲಿ ಕಾನೂನು ಇರುತ್ತದೆ. ವೇಳಾಪಟ್ಟಿ ಹಾಕುವ ಮೊದಲೇ ಅದನ್ನು ಓದಿ. ಮಗುವಿನ ಕ್ಲೋಸ್‌ಅಪ್ ಮೊದಲು ತೆಗೆಯಿರಿ, ದೊಡ್ಡ ನಟರು ಕಾಯಬಲ್ಲರು. ರಿಹರ್ಸಲ್‌ನಲ್ಲೂ ಕ್ಯಾಮೆರಾ ಓಡುತ್ತಿರಲಿ. ಅಳಿಸಲು ಹೆದರಿಸುವುದು, ಸುಳ್ಳು ಹೇಳುವುದು ಮಾತ್ರ ಬೇಡ. ಅಂಥ ಶಾಟ್ ಇಲ್ಲದೆಯೂ ಕಥೆ ಹೇಳಬಹುದು.

## ಹಂತ 10: ಕೊನೆಯ ತಪಾಸಣೆ

1997ರ ಡಿಸೆಂಬರ್ 16ರಂದು ಜಪಾನಿನಲ್ಲಿ ಪೋಕೆಮಾನ್ ಸರಣಿಯ ಒಂದು ಕಂತು ನೋಡಿ 600ಕ್ಕೂ ಹೆಚ್ಚು ಮಕ್ಕಳು ಆಸ್ಪತ್ರೆ ಸೇರಿದರು. ಕೆಂಪು, ನೀಲಿ ಬಣ್ಣ ಸೆಕೆಂಡಿಗೆ ಸುಮಾರು 12 ಸಲ ಮಿನುಗಿದ ಕೆಲವೇ ಸೆಕೆಂಡುಗಳು ಅದಕ್ಕೆ ಕಾರಣ. ಸೆಕೆಂಡಿಗೆ 3 ಸಲಕ್ಕಿಂತ ಹೆಚ್ಚು ಮಿನುಗು ಬೇಡ ಎನ್ನುವುದು ಈಗ ಸಾಮಾನ್ಯ ಮಿತಿ. ಗಾಢ ಕೆಂಪು ಇದ್ದರೆ ಇನ್ನೂ ಹುಷಾರು. ಮಿಂಚು, ಸ್ಫೋಟ, ಮ್ಯಾಜಿಕ್ ಬರುವ ದೃಶ್ಯಗಳನ್ನು ಇದಕ್ಕಾಗಿಯೇ ಪರೀಕ್ಷಿಸುವ ಸಾಫ್ಟ್‌ವೇರ್‌ನಲ್ಲಿ ಹಾಕಿ ನೋಡಿಸಿ. ಸೌಂಡ್ ಮಿಕ್ಸ್ ಅನ್ನು ಸ್ಟುಡಿಯೋ ಸ್ಪೀಕರ್ ಜೊತೆಗೆ ಒಂದು ಸಾದಾ ಫೋನಿನಲ್ಲೂ ಕೇಳಿ. ಸಂಗೀತ ಮಾತನ್ನು ಮುಳುಗಿಸಿದ್ದರೆ ಅಲ್ಲಿ ಗೊತ್ತಾಗುತ್ತದೆ.

## ಹಂತ 11: ನಿಮ್ಮ ಸ್ವಂತ ಸರಣಿ

ಬೇರೆಯವರ ಕಂತುಗಳನ್ನು ಬರೆದ ಮೇಲೆ ಆ ಮಾಯಾಲೋಕದ ನಕ್ಷೆ ಹೊರತೆಗೆಯಬಹುದು. ಸರಣಿಯ ಬೈಬಲ್, ಅಂದರೆ ಇಡೀ ಸರಣಿಯನ್ನು ಪರಿಚಯಿಸುವ ಕೈಪಿಡಿ, ಹತ್ತು ಹದಿನೈದು ಪುಟ ಸಾಕು: ಒಂದು ಸಾಲಿನ ಐಡಿಯಾ, ವಯಸ್ಸು, ಉದ್ದ, ಮಾಧ್ಯಮ, ನಾಲ್ಕೈದು ಮುಖ್ಯ ಪಾತ್ರ, ಲೋಕದ ನಿಯಮಗಳು, ಎಂಟ್ಹತ್ತು ಕಂತುಗಳ ಪ್ರಿಮೈಸ್. ಜೊತೆಗೆ ಒಂದು ಪೂರ್ತಿ ಸ್ಕ್ರಿಪ್ಟ್. ಪಾತ್ರದ ಬಗ್ಗೆ ಬರೆಯುವಾಗ "ಧೈರ್ಯಶಾಲಿ, ತುಂಟ, ಒಳ್ಳೆಯ ಮನಸ್ಸು" ಅಂತ ಬರೆದರೆ ಯಾವ ಸರಣಿಗಾದರೂ ಹೊಂದುತ್ತದೆ. ಅವಳಿಗೆ ಯಾವಾಗಲೂ ಏನು ಬೇಕು, ಅದಕ್ಕಾಗಿ ಯಾವ ತಪ್ಪು ದಾರಿ ಹಿಡಿಯುತ್ತಾಳೆ ಅಂತ ಬರೆಯಿರಿ. ಕಂತುಗಳು ಅಲ್ಲಿಂದ ಹುಟ್ಟುತ್ತವೆ.

ಸರಣಿಗಳನ್ನು ಹೆಚ್ಚಾಗಿ 26 ಅಥವಾ 52 ಕಂತುಗಳ ಲೆಕ್ಕದಲ್ಲಿ ಕೊಳ್ಳುತ್ತಾರೆ. ಪಿಚ್‌ಗೆ, ಅಂದರೆ ಸರಣಿಯ ಐಡಿಯಾವನ್ನು ಕೊಳ್ಳುವವರ ಮುಂದಿಡಲು, ಹೋಗುವ ಮೊದಲು 26 ಪ್ರಿಮೈಸ್ ಬರೆದಿಟ್ಟುಕೊಳ್ಳಿ. ಹನ್ನೆರಡಕ್ಕೆ ಬಂದು ನಿಂತುಹೋದರೆ ನಿಮ್ಮ ಹತ್ತಿರ ಇರುವುದು ಸರಣಿಯಲ್ಲ, ಒಂದು ಸಿನಿಮಾ ಇರಬಹುದು. ಮಾತುಕತೆ ಮುಂದುವರಿದು ಆಪ್ಷನ್ ಒಪ್ಪಂದ (ನಿಮ್ಮ ಐಡಿಯಾವನ್ನು ಒಂದು ಅವಧಿಗೆ ಅವರಿಗಷ್ಟೇ ಕಾದಿರಿಸುವ ಒಪ್ಪಂದ) ಬಂದರೆ ಎಷ್ಟು ತಿಂಗಳಿಗೆ, ಎಷ್ಟು ಹಣಕ್ಕೆ, ಅವಧಿ ಮುಗಿದ ಮೇಲೆ ಹಕ್ಕು ನಿಮಗೆ ತಾನಾಗಿಯೇ ವಾಪಸ್ ಬರುತ್ತದೋ ಇಲ್ಲವೋ, ಆಟಿಕೆ ಮತ್ತು ಪುಸ್ತಕಗಳಲ್ಲಿ ನಿಮಗೆ ಪಾಲು ಇದೆಯೋ ಅಂತ ನೋಡಿ. ಸಹಿ ಹಾಕುವ ಮೊದಲು ಈ ಕ್ಷೇತ್ರದ ಒಪ್ಪಂದ ಓದಿ ಗೊತ್ತಿರುವ ವಕೀಲರಿಗೆ ತೋರಿಸಿ. ಅದರ ಫೀಸಿಗೆ ಹಿಂದೆಮುಂದೆ ನೋಡಬೇಡಿ.